ವಿಭವ ಸಂವತ್ಸರದ ಕಾರ್ತಿಕ ಶುದ್ಧ ಪಾಡ್ಯವನ್ನು ಎಕ್ಸೆಲ್‌ಗೆ ಹಾಕೋದು ಹೇಗೆ?

ಹತ್ತಿಮಂಡಿ_ಮೊಮ್ಮಗ (ದಾವಣಗೆರೆ)

ಎಲ್ಲರಿಗೂ ನಮಸ್ಕಾರ. ನಮ್ಮ ಮನೆತನದ್ದು ಹಿಂದೆ ಹತ್ತಿ ವ್ಯಾಪಾರ. ಅಟ್ಟದ ಮೇಲೆ ಹಳೆ ಖಾತೆ ಪುಸ್ತಕಗಳ ಗಂಟುಗಳಿವೆ, ಕೆಂಪು ಬಟ್ಟೆಯ ರಟ್ಟಿನವು. ಗೆದ್ದಲು ತಿನ್ನುವ ಮುಂಚೆ ಎಲ್ಲವನ್ನೂ ಎಕ್ಸೆಲ್‌ಗೆ ಏರಿಸೋಣ ಅಂತ ಕೂತಿದ್ದೇನೆ. ಹೆಸರು, ಊರು, ಮೊತ್ತ ಸಲೀಸಾಗಿ ಹೋಗುತ್ತಿವೆ. ತಾರೀಕಿನ ಕಾಲಂನಲ್ಲಿ ಮಾತ್ರ ಸಿಕ್ಕಿಹಾಕಿಕೊಂಡಿದ್ದೇನೆ.

ಒಂದು ಪುಸ್ತಕದ ಮೊದಲ ಪುಟದಲ್ಲಿ ಹೀಗಿದೆ: "ವಿಭವ ನಾಮ ಸಂವತ್ಸರದ ಕಾರ್ತಿಕ ಶುದ್ಧ ಪಾಡ್ಯ ಮಂಗಳವಾರ". ಇಸವಿ ಇಲ್ಲ, ಶಕವೂ ಇಲ್ಲ. ಒಳಗಿನ ಕೆಲವು ಪುಟಗಳಲ್ಲಿ ವಾರ ಕೂಡ ಬರೆದಿಲ್ಲ. ಇನ್ನೊಂದು ಪುಸ್ತಕದಲ್ಲಿ 5-6-30 ಅಂತ ಇಂಗ್ಲಿಷ್ ತಾರೀಕು, ಅದನ್ನು ಎಕ್ಸೆಲ್ ತನಗೆ ತೋಚಿದಂತೆ ತಿರುಗಿಸಿಕೊಳ್ಳುತ್ತದೆ. ಎಲ್ಲಕ್ಕಿಂತ ಹಳೆಯದು 1890ರ ದಶಕದ್ದು. ಅದರ ತಾರೀಕು ಹೊಡೆದರೆ ಎಕ್ಸೆಲ್ ಅದನ್ನು ತಾರೀಕು ಅಂತಲೇ ಒಪ್ಪುತ್ತಿಲ್ಲ. ಎಲ್ಲ ಪುಸ್ತಕಗಳ ಎಲ್ಲ ಸಾಲುಗಳನ್ನೂ ಹಳೆಯದರಿಂದ ಹೊಸದಕ್ಕೆ ಒಂದೇ ಸಲ ವಿಂಗಡಿಸಲು ಬರಬೇಕು, ಅಷ್ಟೇ ನನಗೆ ಬೇಕಾಗಿರೋದು. ದಾರಿ ಗೊತ್ತಿದ್ದವರು ಹೇಳಿ.

ಮಂಡಕ್ಕಿ_ಮಿರ್ಚಿ (ದಾವಣಗೆರೆ)

ಅಣ್ಣ, ತಿಥಿಯಿಂದ ತಾರೀಕಿಗೆ ಬದಲಿಸುವ ತಾಣಗಳು ನೆಟ್‌ನಲ್ಲಿ ಬೇಕಾದಷ್ಟಿವೆ ಅಲ್ವಾ? ಈಗಷ್ಟೇ ವಿಭವ ಅಂತ ಹುಡುಕಿದೆ, 1988-89 ಬಂತು. ಮುಗೀತು!

ಹತ್ತಿಮಂಡಿ_ಮೊಮ್ಮಗ

1988ರಲ್ಲಿ ನಮ್ಮ ಮನೆಯಲ್ಲಿ ಹತ್ತಿ ವ್ಯಾಪಾರವೇ ಇರಲಿಲ್ಲ ತಮ್ಮಾ. ಪುಸ್ತಕದ ತುಂಬ ರೂಪಾಯಿ, ಆಣೆ, ಪೈ.

ಹೊಳಲ್ಕೆರೆ_ಭಟ್ರು (ಹೊಳಲ್ಕೆರೆ)

ಆಣೆ-ಪೈ ಲೆಕ್ಕ ಇದ್ದರೆ 1957ರ ಈಚಿನದು ಆಗಿರೋದು ಕಷ್ಟ. ಆ ವರ್ಷ ಏಪ್ರಿಲ್ 1ಕ್ಕೆ ನಯಾ ಪೈಸೆ ಬಂತು. ಸಂವತ್ಸರ 60 ವರ್ಷಕ್ಕೊಮ್ಮೆ ತಿರುಗಿ ಬರುತ್ತದೆ. 1987ರ ಯುಗಾದಿಗೆ ಪ್ರಭವ, 1988ಕ್ಕೆ ವಿಭವ. ಅದರ ಹಿಂದಿನ ವಿಭವ 1928ರ ಯುಗಾದಿಯಿಂದ 1929ರ ಯುಗಾದಿವರೆಗೆ. ಅದಕ್ಕೂ ಹಿಂದಿನದು 1868, ಅಷ್ಟು ಹಳೆ ಪುಸ್ತಕ ನಿಮ್ಮಲ್ಲಿ ಇಲ್ಲವಲ್ಲ. ಹಾಗಾಗಿ 1928.

ಶಕ ಬರೆದ ಪುಸ್ತಕ ಸಿಕ್ಕರೆ ತಾಳೆ ನೋಡೋದು ಇನ್ನೂ ಸುಲಭ. ಗತ ಶಕಕ್ಕೆ (ಅಂದರೆ ಮುಗಿದ ಶಕ ವರ್ಷಗಳ ಸಂಖ್ಯೆಗೆ) 12 ಕೂಡಿಸಿ 60ರಿಂದ ಭಾಗಿಸಿ, ಉಳಿದದ್ದು ಸಂವತ್ಸರದ ಕ್ರಮಸಂಖ್ಯೆ. 1850ಕ್ಕೆ 12 ಕೂಡಿಸಿದರೆ 1862, ಶೇಷ 2, ಎರಡನೆಯದು ವಿಭವ. ಇದು ನಮ್ಮ ದಕ್ಷಿಣದ ಪದ್ಧತಿಗೆ ಮಾತ್ರ. ಉತ್ತರದವರು ಗುರುವಿನ ಚಲನೆ ಹಿಡಿದು ಆಗಾಗ ಒಂದು ಸಂವತ್ಸರವನ್ನು ಹಾರಿಸುತ್ತಾರೆ, ಅವರ ಹೆಸರು ನಮ್ಮದಕ್ಕೆ ಕೂಡೋದಿಲ್ಲ.

ಜನವರಿಯಿಂದ ಯುಗಾದಿವರೆಗಿನ ಪುಟಗಳಲ್ಲಿ ಹುಷಾರು. ಅಲ್ಲಿ ಇಸವಿ 1929 ಆಗಿರುತ್ತದೆ, ಸಂವತ್ಸರ ಇನ್ನೂ ವಿಭವವೇ.

ಪಿಜೆ_ಬಡಾವಣೆ (ದಾವಣಗೆರೆ)

ಸಾಫ್ಟ್‌ವೇರ್ ಕಡೆಯಿಂದ ನಾನು ಹೇಳುತ್ತೇನೆ. ಎಕ್ಸೆಲ್‌ಗೆ ತಾರೀಕು ಅನ್ನೋದೇ ಗೊತ್ತಿಲ್ಲ. ಅದರ ಒಳಗೆ ಇರೋದು ಬರೀ ದಿನಗಳ ಎಣಿಕೆ. 1900ರ ಜನವರಿ 1 ಅಂದರೆ 1, ಮರುದಿನ 2, ಹೀಗೆ ಏರುತ್ತಾ 2000ದ ಜನವರಿ 1ಕ್ಕೆ 36526. ಕೋಶದ ಫಾರ್ಮ್ಯಾಟನ್ನು ನಂಬರ್‌ಗೆ ಬದಲಿಸಿ ನೋಡಿ, ಅಂಕಿ ಹೊರಗೆ ಬೀಳುತ್ತದೆ. ಎಣಿಕೆ 1900ರಿಂದಲೇ ಶುರು, ಅದಕ್ಕೇ ನಿಮ್ಮ 1890ರ ದಶಕದ ತಾರೀಕು ಅಲ್ಲಿ ಬರೀ ಅಕ್ಷರಗಳಾಗಿ ಕೂರುತ್ತದೆ. ಎಕ್ಸೆಲ್ ಥರದ್ದೇ ಆದ ಲಿಬ್ರೆಆಫೀಸ್ ಕ್ಯಾಲ್ಕ್ ಹಿಂದಕ್ಕೂ ಎಣಿಸುತ್ತದೆ, ಋಣ ಸಂಖ್ಯೆ ಇಟ್ಟುಕೊಳ್ಳುತ್ತದೆ. ಆ ಪುಸ್ತಕಕ್ಕೆ ಅದನ್ನೇ ಬಳಸಿ.

ಇದರಲ್ಲಿ ಒಂದು ಮೋಜು ಇದೆ. ಎಕ್ಸೆಲ್ ಪ್ರಕಾರ 60ನೇ ದಿನ 1900ರ ಫೆಬ್ರವರಿ 29. ಅಂಥ ದಿನವೇ ಇರಲಿಲ್ಲ! ನೂರರಿಂದ ಭಾಗವಾಗುವ ವರ್ಷ ನಾನೂರರಿಂದಲೂ ಭಾಗವಾದರೆ ಮಾತ್ರ ಅಧಿಕ ವರ್ಷ, 1900 ಆಗೋದಿಲ್ಲ. ಲೋಟಸ್ 1-2-3 ಅನ್ನುವ ಹಳೆ ಪ್ರೋಗ್ರಾಮಿನಲ್ಲಿ ಈ ದೋಷ ಇತ್ತು. ಅದರ ಫೈಲುಗಳು ತಮ್ಮಲ್ಲಿ ಸರಿಯಾಗಿ ತೆರೆಯಲಿ ಅಂತ ಮೈಕ್ರೋಸಾಫ್ಟ್‌ನವರು ದೋಷವನ್ನೂ ಬೇಕಂತಲೇ ನಕಲು ಮಾಡಿದರು. ಇವತ್ತಿಗೂ ತೆಗೆದಿಲ್ಲ, ಈಗ ತೆಗೆದರೆ ಲೋಕದಲ್ಲಿರುವ ಎಲ್ಲ ಶೀಟ್‌ಗಳ ತಾರೀಕು ಒಂದು ದಿನ ಜರುಗುತ್ತದೆ. ಹಳೆ ಮ್ಯಾಕ್ ಎಕ್ಸೆಲ್ ಈ ತಲೆನೋವು ತಪ್ಪಿಸಿಕೊಳ್ಳಲು ಎಣಿಕೆಯನ್ನೇ 1904ರಿಂದ ಶುರು ಮಾಡಿತು. ಅದರಿಂದ ಇನ್ನೊಂದು ತಲೆನೋವು: ಎರಡು ಬಗೆಯ ಫೈಲುಗಳ ನಡುವೆ 1462 ದಿನ ವ್ಯತ್ಯಾಸ. ಯಾರದೋ ಶೀಟಿನಿಂದ ಕಾಪಿ ಮಾಡಿದಾಗ ತಾರೀಕು ನಾಲ್ಕು ವರ್ಷ ಒಂದು ದಿನ ಹಾರಿದರೆ ಕಾರಣ ಇದೇ.

ಹೊಳಲ್ಕೆರೆ_ಭಟ್ರು

ಇದು ನಮ್ಮ ಅಹರ್ಗಣ ಕಣಯ್ಯ! ಪಂಚಾಂಗ ಗಣಿತದಲ್ಲಿ ಮೊದಲ ಕೆಲಸವೇ ಅದು. ಕಲಿಯುಗ ಶುರುವಾದಲ್ಲಿಂದ ಇವತ್ತಿಗೆ ಎಷ್ಟು ದಿನ ಕಳೆದವು ಅಂತ ಎಣಿಸಿಟ್ಟುಕೊಂಡು, ಆ ಒಂದು ಸಂಖ್ಯೆಯಿಂದ ಗ್ರಹಗಳ ಸ್ಥಾನ, ತಿಥಿ, ನಕ್ಷತ್ರ ಎಲ್ಲ ತೆಗೆಯೋದು. ಕಲಿಯ ಆರಂಭ ಕ್ರಿ.ಪೂ. 3102ರ ಫೆಬ್ರವರಿ 17-18ರ ನಡುರಾತ್ರಿ, ಶುಕ್ರವಾರ. ಆರ್ಯಭಟ ತನಗೆ 23 ವರ್ಷ ಆದಾಗ ಕಲಿಯ 3600 ವರ್ಷ ಕಳೆದಿದ್ದವು ಅಂತ ಬರೆದದ್ದು ಇದೇ ಎಣಿಕೆ ಹಿಡಿದು.

ತಮ್ಮಾ ಪಿಜೆ ಬಡಾವಣೆ, ನಿನ್ನ ಎಕ್ಸೆಲ್ ಅಂಕಿಗೆ ಎಷ್ಟು ಕೂಡಿಸಿದರೆ ಕಲಿ ಅಹರ್ಗಣ ಬರುತ್ತದೆ, ಲೆಕ್ಕ ಹಾಕು ನೋಡೋಣ.

ಪಿಜೆ_ಬಡಾವಣೆ

ಹಾಕಿದೆ ಭಟ್ರೇ. 1826553. 1900ರ ಮಾರ್ಚ್ 1ರಿಂದ ಈಚೆಗಿನ ಯಾವ ತಾರೀಕಿಗಾದರೂ ಇಷ್ಟು ಕೂಡಿಸಿದರೆ ಸಾಕು.

ಹತ್ತಿಮಂಡಿ ಅವರ ಪುಟಕ್ಕೇ ಹಾಕಿ ತೋರಿಸುತ್ತೇನೆ. 1928ರಲ್ಲಿ ದೀಪಾವಳಿಯ ಅಮಾವಾಸ್ಯೆ ನವೆಂಬರ್ 12, ಸೋಮವಾರ. ಇದರಲ್ಲಿ ಅನುಮಾನವೇ ಬೇಡ, ಅವತ್ತು ಭಾಗಶಃ ಸೂರ್ಯಗ್ರಹಣ ಇತ್ತು, ಸೂರ್ಯಗ್ರಹಣ ಅಮಾವಾಸ್ಯೆ ಬಿಟ್ಟು ಬೇರೆ ದಿನ ಆಗೋದಿಲ್ಲ. ಅಮಾವಾಸ್ಯೆ ಮಧ್ಯಾಹ್ನಕ್ಕೆ ಮುಗಿಯುತ್ತದೆ, ಮರುದಿನದ ಸೂರ್ಯೋದಯಕ್ಕೆ ಪಾಡ್ಯ. ಅಂದರೆ 13ನೇ ತಾರೀಕು, ಮಂಗಳವಾರ. ಪುಸ್ತಕದಲ್ಲಿ ಬರೆದಿರೋದೂ ಮಂಗಳವಾರ.

ಆ ದಿನದ ಎಕ್ಸೆಲ್ ಸಂಖ್ಯೆ 10545. ಕಲಿ ಅಹರ್ಗಣ 1837098. ಖಗೋಳದವರು ಬಳಸುವ ಜೂಲಿಯನ್ ದಿನ ಸಂಖ್ಯೆ 2425564, ಅದು ಕ್ರಿ.ಪೂ. 4713ರಿಂದ ಎಣಿಸುತ್ತದೆ, ದಿನ ಬದಲಾಗೋದು ಮಧ್ಯಾಹ್ನಕ್ಕೆ. ಪೈಥಾನ್ ಅನ್ನುವ ಪ್ರೋಗ್ರಾಮಿಂಗ್ ಭಾಷೆಯಲ್ಲಿ ಕೇಳಿದರೆ 704139 ಅನ್ನುತ್ತದೆ, ಅದಕ್ಕೆ ಕ್ರಿ.ಶ. 1ರ ಜನವರಿ 1 ಮೊದಲ ದಿನ. ಯೂನಿಕ್ಸ್ ಅನ್ನುವ ಕಂಪ್ಯೂಟರ್ ವ್ಯವಸ್ಥೆ 1970ರ ಜನವರಿ 1ರಿಂದ ಸೆಕೆಂಡು ಎಣಿಸುತ್ತದೆ, ಹಾಗಾಗಿ 1928 ಅದಕ್ಕೆ ಹಿಂದಿನ ಕಾಲ: ಮೈನಸ್ 1298073600. ನಮ್ಮ ಹೈವೇಯಲ್ಲಿ ಒಂದು ಕಡೆಯ ಕಲ್ಲು ಬೆಂಗಳೂರಿನಿಂದ, ಇನ್ನೊಂದು ಪುಣೆಯಿಂದ ದೂರ ತೋರಿಸಿದ ಹಾಗೆ. ನಿಂತ ಜಾಗ ಒಂದೇ.

ವಾರ ತೆಗೆಯೋದೂ ಇದರಲ್ಲೇ. ಅಹರ್ಗಣವನ್ನು 7ರಿಂದ ಭಾಗಿಸಿ. ಶೇಷ 0 ಬಂದರೆ ಶುಕ್ರವಾರ, ಯಾಕೆಂದರೆ ಶುರುವಾದದ್ದು ಶುಕ್ರವಾರ. 1837098ಕ್ಕೆ ಶೇಷ 4. ಶನಿ, ಭಾನು, ಸೋಮ, ಮಂಗಳ.

ಮಂಡಕ್ಕಿ_ಮಿರ್ಚಿ

ಅಯ್ಯೋ ಇದು ಚೆನ್ನಾಗಿದೆ. ನನ್ನ ಹುಟ್ಟಿದ ದಿನಕ್ಕೂ ಹಾಕಿ ನೋಡಿದೆ, ವಾರ ಸರಿ ಬಂತು.

ಭಟ್ರೇ, ಮಧ್ಯದಲ್ಲಿ ಒಂದು ಪ್ರಶ್ನೆ. ಸಂಕ್ರಾಂತಿ ಯಾವಾಗಲೂ ಜನವರಿ 14 ಅಂತ ಶಾಲೆಯಲ್ಲಿ ಓದಿದ್ದು. ಈಚೆಗೆ ಕೆಲವು ವರ್ಷ 15ಕ್ಕೆ ಬರುತ್ತಿದೆ. ಕ್ಯಾಲೆಂಡರ್‌ನವರು ತಪ್ಪು ಮಾಡ್ತಿದ್ದಾರಾ?

ಹೊಳಲ್ಕೆರೆ_ಭಟ್ರು

ತಪ್ಪಲ್ಲ. ಸೂರ್ಯಸಿದ್ಧಾಂತದ ವರ್ಷ 365.2588 ದಿನ, ಇಂಗ್ಲಿಷ್ ಕ್ಯಾಲೆಂಡರಿನ ಸರಾಸರಿ ವರ್ಷ 365.2425. ನಮ್ಮದು ನಕ್ಷತ್ರ ನೋಡಿ ಅಳೆದದ್ದು, ಅವರದು ಋತು ನೋಡಿ. ಈ ಚೂರು ವ್ಯತ್ಯಾಸ ಸುಮಾರು 60 ವರ್ಷಕ್ಕೆ ಒಂದು ದಿನ ಆಗುತ್ತದೆ. ಸ್ವಾಮಿ ವಿವೇಕಾನಂದರು ಹುಟ್ಟಿದ್ದು ಮಕರ ಸಂಕ್ರಾಂತಿಯ ದಿನ. ಅವರ ಜಯಂತಿ ಯಾವತ್ತು? ಜನವರಿ 12. 1863ರಲ್ಲಿ ಸಂಕ್ರಾಂತಿ ಅವತ್ತಿತ್ತು. ಮುಂದೆ 16ಕ್ಕೂ ಹೋಗುತ್ತದೆ, ನಾವು ಇರೋದಿಲ್ಲ ಅಷ್ಟೇ.

ಕಲ್ಲಿನಕೋಟೆ (ಚಿತ್ರದುರ್ಗ)

ತಡವಾಗಿ ನೋಡಿದೆ. ನಾನು ಇತಿಹಾಸದ ಕಡೆಯವನು, ಈ ಚರ್ಚೆ ನಮಗೆ ದಿನನಿತ್ಯದ್ದು.

ವಾರ ಬರೆದದ್ದು ಎಷ್ಟು ದೊಡ್ಡ ಉಪಕಾರ ಅಂತ ಶಾಸನ ಓದುವವರನ್ನು ಕೇಳಿ. ಶಕ ವರ್ಷ, ಸಂವತ್ಸರ, ಮಾಸ, ಪಕ್ಷ, ತಿಥಿ, ವಾರ, ಕೆಲವೊಮ್ಮೆ ಗ್ರಹಣ ಅಥವಾ ಸಂಕ್ರಮಣ. ಹಳಬರು ಒಂದೇ ದಿನವನ್ನು ಇಷ್ಟು ಬಗೆಯಲ್ಲಿ ಹೇಳುತ್ತಿದ್ದರು. ಓದುವವರಿಗೆ ಅತಿ ಅನ್ನಿಸುತ್ತದೆ. ಆದರೆ ಕಲ್ಲು ಸವೆದು ಒಂದು ಅಂಕಿ ಹೋದರೂ ಉಳಿದವು ಅದನ್ನು ತುಂಬಿಕೊಡುತ್ತವೆ. ಎಲ್ಲವೂ ಉಳಿದಿದ್ದು ವಾರ ಮಾತ್ರ ಕೂಡದಿದ್ದರೆ ಯಾರೋ ತಪ್ಪಿದ್ದಾರೆ ಅಂತ ಅರ್ಥ. ಕೆತ್ತಿದವನೋ, ಓದಿದವನೋ, ಅಥವಾ ಶಾಸನವೇ ಆಮೇಲೆ ಹುಟ್ಟಿಸಿದ್ದೋ. ಇಂಥ ತಾಳೆಗೆ ಎಲ್.ಡಿ. ಸ್ವಾಮಿಕಣ್ಣು ಪಿಳ್ಳೈ ಅವರ ಕೋಷ್ಟಕಗಳನ್ನು ಇವತ್ತಿಗೂ ತೆರೆಯುತ್ತೇವೆ. ಕ್ರಿ.ಶ. 700ರಿಂದ 1799ರವರೆಗಿನ ದಿನಗಳನ್ನು ಕಂಪ್ಯೂಟರ್ ಇಲ್ಲದ ಕಾಲದಲ್ಲಿ ಲೆಕ್ಕ ಹಾಕಿಟ್ಟಿದ್ದಾರೆ. ಕೈ ಮುಗಿಯಬೇಕು.

ಅಲ್ಲೂ ಒಂದರ ತಕರಾರು ಇದೆ, ಎಕ್ಸೆಲ್‌ನಲ್ಲಿ ಇದ್ದ ಹಾಗೇ. ಶಕ 1146 ಅಂದರೆ 1146 ವರ್ಷ ಮುಗಿದವು ಅಂತಲೋ, 1146ನೇ ವರ್ಷ ನಡೆಯುತ್ತಿದೆ ಅಂತಲೋ? ಗತ ಮತ್ತು ವರ್ತಮಾನ, ಎರಡನ್ನೂ ಬಳಸುತ್ತಿದ್ದರು. ಸೊನ್ನೆಯಿಂದ ಎಣಿಸಬೇಕೋ ಒಂದರಿಂದಲೋ ಅನ್ನುವ ಜಗಳ ಪ್ರೋಗ್ರಾಮರುಗಳದ್ದು ಮಾತ್ರ ಅಂದುಕೊಂಡಿದ್ದರೆ ಬಿಟ್ಟುಬಿಡಿ.

ತಾರೀಕೇ ಇಲ್ಲದ ಶಾಸನಗಳ ಪಾಡು ಬೇರೆ. ಚಂದ್ರವಳ್ಳಿಯಲ್ಲಿ ಮಯೂರಶರ್ಮನ ಕೆರೆ ಶಾಸನ ಇದೆಯಲ್ಲ, ಅದರಲ್ಲಿ ವರ್ಷ ಇಲ್ಲ. ಅಕ್ಷರದ ರೂಪ ನೋಡಿ ಕಾಲ ಹೇಳಬೇಕು, ವಿದ್ವಾಂಸರು ಇನ್ನೂ ಜಗಳ ಆಡುತ್ತಾರೆ. ಮೊಳಕಾಲ್ಮೂರು ತಾಲ್ಲೂಕಿನ ಬ್ರಹ್ಮಗಿರಿಯದು ಇನ್ನೂ ಸೊಗಸು. ಬಿ.ಎಲ್. ರೈಸ್ 1892ರಲ್ಲಿ ಬೆಳಕಿಗೆ ತಂದ ಅಶೋಕನ ಶಾಸನ. ಅದರಲ್ಲಿ ಸಂಖ್ಯೆ ಇದೆ, 256. ಯಾವುದರ 256? ಮೊದಮೊದಲು ಕೆಲವರು ಬುದ್ಧನ ನಿರ್ವಾಣದಿಂದ 256 ವರ್ಷ ಅಂದರು. ಈಗ ಹೆಚ್ಚಿನವರು ಒಪ್ಪೋದು, ರಾಜ ಸಂಚಾರದಲ್ಲಿ ಕಳೆದ 256 ರಾತ್ರಿಗಳು ಅಂತ. ಎಲ್ಲಿಂದ ಎಣಿಸಿದ್ದು ಅಂತ ಹೇಳದಿದ್ದರೆ ಸಂಖ್ಯೆ ಎಷ್ಟು ಸ್ಪಷ್ಟವಾಗಿದ್ದರೂ ಹೀಗೇ ಆಗುತ್ತದೆ. (ಒಂದು ಬೈಟ್‌ನಲ್ಲಿ ಹಿಡಿಸುವ ಬೆಲೆಗಳೂ 256, ಹಾಗಾಗಿ ಕಂಪ್ಯೂಟರಿನವರಿಗೆ ಖುಷಿಯಾಗಬಹುದು, ಆದರೆ ಅಶೋಕನಿಗೂ ಬೈಟ್‌ಗೂ ಸಂಬಂಧ ಇಲ್ಲ!)

ಪಿಜೆ_ಬಡಾವಣೆ

ಸರ್, 256 ವಿಷಯ ನಾಳೆ ನಮ್ಮ ಆಫೀಸಿನಲ್ಲಿ ಹೇಳಲೇಬೇಕು. 10545 ಅಂತ ಒಂದು ಫೈಲಿನಲ್ಲಿ ಬರೀ ಸಂಖ್ಯೆ ಸಿಕ್ಕರೆ ನಮ್ಮದೂ ಅದೇ ಗತಿ.

ಕಲ್ಲಿನಕೋಟೆ

ಇನ್ನೊಂದು ಹೇಳಿಬಿಡುತ್ತೇನೆ, ದುರ್ಗದ್ದೇ. ಹೈದರಾಲಿ 1779ರಲ್ಲಿ ಕೋಟೆ ಹಿಡಿದ ಮೇಲೆ ಟಿಪ್ಪು ಕಾಲದಲ್ಲಿ ಇಲ್ಲಿ ಟಂಕಸಾಲೆ ಇತ್ತು, ನಾಣ್ಯಗಳ ಮೇಲೆ ಊರಿನ ಹೆಸರು ಫರ್ರುಖ್‌ಯಾಬ್ ಹಿಸಾರ್. ಟಿಪ್ಪು ಹಿಜರಿ ಬಿಟ್ಟು ಮೌಲೂದಿ ಅಂತ ಹೊಸ ಶಕ ತಂದ. ಆ ವರ್ಷದ ಅಂಕಿಗಳನ್ನು ಬಲದಿಂದ ಎಡಕ್ಕೆ ಬರೆಸಿದ. 1215 ಇರೋದು ನಮ್ಮ ಕಣ್ಣಿಗೆ 5121 ಅಂತ ಕಾಣುತ್ತದೆ. ಹೊಸದಾಗಿ ನಾಣ್ಯ ಸಂಗ್ರಹಿಸುವವರು ಮೊದಲು ಎಡವೋದು ಇಲ್ಲೇ.

ಮಂಡಕ್ಕಿ_ಮಿರ್ಚಿ

ನಮಗೆ ಕಾಲೇಜಿನಲ್ಲಿ ಲಿಟಲ್ ಎಂಡಿಯನ್, ಬಿಗ್ ಎಂಡಿಯನ್ (ಸಂಖ್ಯೆಯ ಬೈಟ್‌ಗಳನ್ನು ಯಾವ ತುದಿಯಿಂದ ಇಡಬೇಕು ಅನ್ನೋದು) ಪಾಠ ಮಾಡುವಾಗ ಇದನ್ನು ಹೇಳಿದ್ದರೆ ಮರೆಯುತ್ತಲೇ ಇರಲಿಲ್ಲ 😄

ಲಿನಕ್ಸ್ ಇದ್ದವರು ಟರ್ಮಿನಲ್‌ನಲ್ಲಿ cal 9 1752 ಅಂತ ಹೊಡೆದು ನೋಡಿ. ಸೆಪ್ಟೆಂಬರ್ 2 ಆದ ಮೇಲೆ ನೇರ 14. ಬ್ರಿಟಿಷರು ಜೂಲಿಯನ್ ಕ್ಯಾಲೆಂಡರ್ ಬಿಟ್ಟದ್ದು ಆಗ. ಬುಧವಾರ ಮಲಗಿದವರು ಗುರುವಾರವೇ ಎದ್ದರು, ತಾರೀಕು ಮಾತ್ರ ಹಾರಿತು. ಇಟಲಿ, ಸ್ಪೇನ್ ಕಡೆ ಇದು 1582ರಲ್ಲೇ ಆಗಿತ್ತು.

ಜಗಳೂರು_ಮೇಷ್ಟ್ರು (ಜಗಳೂರು)

ನಿವೃತ್ತ ಮುಖ್ಯೋಪಾಧ್ಯಾಯ ನಾನು. ನೀವೆಲ್ಲ ಲೆಕ್ಕ ಸರಿ ಇರೋದರ ಬಗ್ಗೆ ಮಾತಾಡುತ್ತಿದ್ದೀರಿ. ದಾಖಲೆಯಲ್ಲಿ ಇರೋದೇ ಸುಳ್ಳಾಗಿದ್ದರೆ?

ನಮ್ಮ ಕಡೆ ವಯಸ್ಸಾದವರ ಹುಟ್ಟಿದ ತಾರೀಕು ಕೇಳಿ ನೋಡಿ. ಜೂನ್ 1, ಜೂನ್ 1, ಜೂನ್ 1. ಊರಿನ ಅರ್ಧ ಜನ ಒಂದೇ ದಿನ ಹುಟ್ಟಿದ್ದಾರೆ. ಮಗುವನ್ನು ಶಾಲೆಗೆ ತಂದು ನಿಲ್ಲಿಸಿದ ತಾಯಿ ಹೇಳೋದು "ಶ್ರಾವಣದಾಗೆ ಹುಟ್ಟಿದ್ದು, ಕೆರೆ ಕೋಡಿ ಬಿದ್ದ ವರ್ಷ" ಅಂತ. ರಿಜಿಸ್ಟರಿನಲ್ಲಿ ದಿನ, ತಿಂಗಳು, ವರ್ಷಕ್ಕೆ ಮನೆ ಇದೆ, ಕೆರೆ ಕೋಡಿಗೆ ಇಲ್ಲ. ಮೇಷ್ಟ್ರು ವಯಸ್ಸು ಅಂದಾಜು ಮಾಡಿ ಶಾಲೆ ಶುರುವಾಗುವ ದಿನವನ್ನೇ ಬರೆದುಬಿಡುತ್ತಿದ್ದರು. ಇದರ ಫಲ ಮೇ 31ಕ್ಕೆ ಕಾಣುತ್ತದೆ. ಒಂದನೇ ತಾರೀಕು ಹುಟ್ಟಿದ ಸರ್ಕಾರಿ ನೌಕರ ಹಿಂದಿನ ತಿಂಗಳ ಕೊನೆಯ ದಿನ ನಿವೃತ್ತಿಯಾಗಬೇಕು. ಅವತ್ತು ಎಲ್ಲ ಕಚೇರಿಗಳಲ್ಲಿ ಹಾರ, ತುರಾಯಿ, ಬೀಳ್ಕೊಡುಗೆ. ನನಗೂ ಅವತ್ತೇ ಆಗಿದ್ದು.

ನಿಜ ಹೇಳಬೇಕೆಂದರೆ ತಾಯಿ ಹೇಳಿದ್ದೇ ಹೆಚ್ಚು ಖಚಿತ. ಕೋಡಿ ಬಿದ್ದ ವರ್ಷ ಊರಿಗೆಲ್ಲ ಗೊತ್ತು, ಶ್ರಾವಣ ಅಂದರೆ 30 ದಿನದ ಒಳಗೆ ಬಂತು. ಅದನ್ನು ಅಳಿಸಿ ನಾವು ಜೂನ್ 1 ಬರೆದೆವು. ಹತ್ತಿಮಂಡಿಯವರೇ, ನೀವು ಆ ಕೆಲಸ ಮಾಡಬೇಡಿ. ಪುಸ್ತಕದಲ್ಲಿ ಹೇಗಿದೆಯೋ ಹಾಗೇ ಒಂದು ಕಾಲಂನಲ್ಲಿ ಅಕ್ಷರ ಬಿಡದೆ ಬರೆಯಿರಿ. ತಾರೀಕು ಪಕ್ಕದ ಕಾಲಂನಲ್ಲಿ ಇರಲಿ.

ಪಿಜೆ_ಬಡಾವಣೆ

ಮೇಷ್ಟ್ರು ಹೇಳಿದ್ದಕ್ಕೆ ನೂರು ಲೈಕ್. ಆಧಾರ್‌ನಲ್ಲಾದರೂ ಬರೀ ಹುಟ್ಟಿದ ವರ್ಷ ಹಾಕಲು ಜಾಗ ಬಿಟ್ಟಿದ್ದಾರೆ. ಆದರೆ ಅದೇ ಕಾರ್ಡ್ ಹಿಡಿದು ಬೇರೆ ಪೋರ್ಟಲ್‌ಗೆ ಹೋದರೆ ಪೂರ್ತಿ ತಾರೀಕು ಹಾಕದೆ ಮುಂದಿನ ಪುಟವೇ ತೆರೆಯೋದಿಲ್ಲ, ಆಗ ಜನ ಜನವರಿ 1 ಅಂತ ಒತ್ತುತ್ತಾರೆ. ತಾರೀಕು ಬರೆಯುವ ಅಂತರರಾಷ್ಟ್ರೀಯ ಮಾನದಂಡ ಐಎಸ್‌ಒ 8601, 2019ರಲ್ಲಿ ಬಂದ ಅದರ ಎರಡನೇ ಭಾಗದಲ್ಲಿ ಸುಮಾರು 1947, ಬಹುಶಃ 1947, 1940ರ ದಶಕದ ಯಾವುದೋ ವರ್ಷ, ಇಂಥವನ್ನೆಲ್ಲ ಬರೆಯಲು ಚಿಹ್ನೆ ಕೊಟ್ಟಿದ್ದಾರೆ. ಗ್ರಂಥಾಲಯ, ಪತ್ರಾಗಾರದವರು ಬಳಸುತ್ತಾರೆ. ಫಾರಂ ಮಾಡುವವರು ಯಾರೂ ಅದರ ಕಡೆ ತಿರುಗಿಯೂ ನೋಡೋದಿಲ್ಲ.

ಹತ್ತಿಮಂಡಿ_ಮೊಮ್ಮಗ

ಇಷ್ಟೊಂದು ಜನ ಬರೆದಿದ್ದೀರಿ, ಎಲ್ಲರಿಗೂ ಥ್ಯಾಂಕ್ಸ್. ಮೇಷ್ಟ್ರೇ, ನೀವು ಹೇಳಿದ ಹಾಗೇ ಎರಡು ಕಾಲಂ ಮಾಡಿದೆ.

ಈಗ ಹೊಸ ತೊಂದರೆ. ನಮ್ಮ ಚಿಕ್ಕಪ್ಪನ ಮಗಳು ಈ ಶೀಟನ್ನು ಮೊಬೈಲಿನಲ್ಲಿ ನೋಡಲು ಒಂದು ಸಣ್ಣ ಆ್ಯಪ್ ಮಾಡಿಕೊಟ್ಟಿದ್ದಾಳೆ. ಶೀಟಿನಲ್ಲಿ 13-11-1928 ಮಂಗಳವಾರ. ಆ್ಯಪ್‌ನಲ್ಲಿ 12-11-1928 ಸೋಮವಾರ. ಎಲ್ಲ ಸಾಲುಗಳೂ ಒಂದು ದಿನ ಹಿಂದೆ!

ಪಿಜೆ_ಬಡಾವಣೆ

ಹಹ್ಹ, ಭಾರತದ ಪ್ರೋಗ್ರಾಮರುಗಳಿಗೆಲ್ಲ ಪರಿಚಯ ಇರುವ 18:30. ಡೇಟಾಬೇಸಿನಲ್ಲಿ ಏನಿದೆ ಅಂತ ತಂಗಿಗೆ ನೋಡಲು ಹೇಳಿ. ಖಂಡಿತ 1928-11-12 18:30 ಅಂತ ಇರುತ್ತದೆ. ನಾವು ಗ್ರೀನಿಚ್‌ಗಿಂತ ಐದೂವರೆ ಗಂಟೆ ಮುಂದೆ. ನಮ್ಮಲ್ಲಿ 13ರ ನಡುರಾತ್ರಿ 12 ಆದಾಗ ಯುಟಿಸಿಯಲ್ಲಿ (ಅಂದರೆ ಗ್ರೀನಿಚ್ ಲೆಕ್ಕದ ಸಮಯದಲ್ಲಿ) ಇನ್ನೂ 12ರ ಸಂಜೆ ಆರೂವರೆ. ಪ್ರೋಗ್ರಾಮು ಬರೀ ದಿನವನ್ನು ನಡುರಾತ್ರಿಯ ಒಂದು ಕ್ಷಣ ಮಾಡಿ, ಯುಟಿಸಿಗೆ ಬದಲಿಸಿ, ಆಮೇಲೆ ಗಂಟೆಯ ಭಾಗ ಕತ್ತರಿಸಿ ತೋರಿಸುತ್ತದೆ. ಅಮೆರಿಕದಲ್ಲಿ ಕೂತು ಬರೆದವನಿಗೆ ಅವನ ನಡುರಾತ್ರಿ ಯುಟಿಸಿಯಲ್ಲೂ ಅದೇ ತಾರೀಕಿನ ಬೆಳಗ್ಗೆ, ಹಾಗಾಗಿ ಈ ದೋಷ ಅವನ ಕಣ್ಣಿಗೆ ಬೀಳೋದೇ ಇಲ್ಲ. ನಮಗೆ ಮಾತ್ರ ಹುಟ್ಟಿದ ದಿನವೆಲ್ಲ ಹಿಂದಕ್ಕೆ ಹೋಗುತ್ತದೆ.

ಕೆಲವರು ಸುಮ್ನೆ ಐದೂವರೆ ಗಂಟೆ ಕೂಡಿಸಿ ಸರಿಮಾಡುತ್ತಾರೆ. ಬೇಡ. ಎರಡನೇ ಮಹಾಯುದ್ಧದ ಕಾಲದಲ್ಲಿ ನಮ್ಮ ಗಡಿಯಾರವನ್ನು ಒಂದು ಗಂಟೆ ಮುಂದಿಟ್ಟಿದ್ದರು. 1942ರ ಸೆಪ್ಟೆಂಬರ್ 1ರಿಂದ 1945ರ ಅಕ್ಟೋಬರ್ 15ರವರೆಗೆ ಯುಟಿಸಿಗಿಂತ ಆರೂವರೆ ಗಂಟೆ. ಟೈಮ್‌ಝೋನ್ ಡೇಟಾದಲ್ಲಿ ಅದು ಇದೆ, ಹಾಗಾಗಿ 1944ರ ತಾರೀಕುಗಳು 17:30 ಅಂತ ಕೂತಿರುತ್ತವೆ. ಐದೂವರೆ ಕೂಡಿಸಿದರೆ ರಾತ್ರಿ 11, ಮತ್ತೆ ಹಿಂದಿನ ದಿನವೇ. ಖಾತೆ ಪುಸ್ತಕದ ದಿನಕ್ಕೆ ಗಂಟೆಯೇ ಇಲ್ಲ, ಟೈಮ್‌ಝೋನೂ ಬೇಡ. ಬರೀ ಡೇಟ್ ಬಗೆಯ ಕಾಲಂ ಇಡಿ. ಅದೂ ಆಗದಿದ್ದರೆ 1928-11-13 ಅಂತ ಅಕ್ಷರವಾಗಿಯೇ ಇಡಿ. ವರ್ಷ ಮೊದಲು ಬರೆದರೆ ಅಕ್ಷರ ಕ್ರಮದಲ್ಲಿ ವಿಂಗಡಿಸಿದರೂ ಕಾಲಕ್ರಮ ಕೆಡೋದಿಲ್ಲ. 1890ರ ದಶಕದ ಸಾಲುಗಳೂ ತಮ್ಮ ಜಾಗದಲ್ಲೇ ಬಂದು ಕೂರುತ್ತವೆ.

ನೋಡಿ, ಪುಸ್ತಕದಲ್ಲಿ ಮಂಗಳವಾರ ಅಂತ ಇರದಿದ್ದರೆ ಇದು ಯಾರಿಗೂ ಗೊತ್ತಾಗುತ್ತಲೇ ಇರಲಿಲ್ಲ.

ಹತ್ತಿಮಂಡಿ_ಮೊಮ್ಮಗ

ಹೌದು, 18:30 ಅಂತಲೇ ಇದೆಯಂತೆ. ಬದಲಿಸುತ್ತಿದ್ದಾಳೆ. 5-6-30ಕ್ಕೆ ಏನು ಮಾಡಲಿ?

ಪಿಜೆ_ಬಡಾವಣೆ

ಅದರಲ್ಲಿ ಎರಡು ರೋಗ. ಒಂದು, ಲ್ಯಾಪ್‌ಟಾಪಿನ ಪ್ರದೇಶ ಅಮೆರಿಕ ಅಂತ ಇದ್ದರೆ 5-6 ಅನ್ನು ಮೇ 6 ಅಂತ ಓದುತ್ತದೆ, ಇಂಡಿಯಾ ಅಂತ ಇದ್ದರೆ ಜೂನ್ 5. ಇದರಲ್ಲಿ ಹಾಳು ಏನೆಂದರೆ 13ನೇ ತಾರೀಕಿನಿಂದ ಮುಂದಿನವು ತಿಂಗಳಾಗಲು ಸಾಧ್ಯ ಇಲ್ಲದ್ದರಿಂದ ಅಕ್ಷರವಾಗಿ ಎಡಕ್ಕೆ ಅಂಟಿಕೊಂಡು ಉಳಿಯುತ್ತವೆ, 12ರ ಒಳಗಿನವು ಸದ್ದಿಲ್ಲದೆ ತಿರುಗಿ ಬಲಕ್ಕೆ ಕೂರುತ್ತವೆ. ಒಂದೇ ಕಾಲಂನಲ್ಲಿ ಕೆಲವು ಎಡಕ್ಕೆ ಕೆಲವು ಬಲಕ್ಕೆ ಕಂಡರೆ ಎಡದವು ಸುರಕ್ಷಿತ, ಬಲದವನ್ನೇ ಅನುಮಾನಿಸಿ.

ಎರಡು, 30 ಯಾವ ಶತಮಾನ? ಎಕ್ಸೆಲ್‌ನಲ್ಲಿ ಬಹುಕಾಲ ಇದ್ದ ನಿಯಮ: 29ರವರೆಗೆ ಇಪ್ಪತ್ತೊಂದನೇ ಶತಮಾನ, 30ರಿಂದ ಇಪ್ಪತ್ತನೆಯದು. ಈಗ ವಿಂಡೋಸ್ ಸೆಟ್ಟಿಂಗ್ ನೋಡಿ ಬದಲಾಗುತ್ತದೆ. ಪೈಥಾನ್‌ನಲ್ಲಿ 68ರವರೆಗೂ ಇಪ್ಪತ್ತೊಂದು. ಹಾಗಾಗಿ ನಿಮ್ಮ 1930ರ ಪುಸ್ತಕ ಒಂದು ಕಡೆ 1930, ಇನ್ನೊಂದು ಕಡೆ 2030. ಕಾಲಂ ಅನ್ನು ಮೊದಲೇ ಟೆಕ್ಸ್ಟ್ ಮಾಡಿಕೊಂಡು, ವರ್ಷದ ನಾಲ್ಕು ಅಂಕಿಯನ್ನೂ ಕೈಯಲ್ಲೇ ಬರೆಯಿರಿ.

ಮಂಡಕ್ಕಿ_ಮಿರ್ಚಿ

2038ರಲ್ಲಿ ಎಲ್ಲ ನಿಂತುಹೋಗುತ್ತದೆ ಅಂತಾರಲ್ಲ, ಅದೂ ಇದೇ ಥರದ್ದಾ?

ಪಿಜೆ_ಬಡಾವಣೆ

ಎಲ್ಲ ನಿಲ್ಲೋದಿಲ್ಲ. 1970ರಿಂದ ಸೆಕೆಂಡು ಎಣಿಸುವ ಸಂಖ್ಯೆಯನ್ನು 32 ಬಿಟ್‌ನಲ್ಲಿ ಇಟ್ಟಿದ್ದರೆ ಅದು 2147483647ಕ್ಕೆ ತುಂಬುತ್ತದೆ. ನಮ್ಮ ಗಡಿಯಾರದಲ್ಲಿ 2038ರ ಜನವರಿ 19, ಬೆಳಗ್ಗೆ 8 ಗಂಟೆ 44 ನಿಮಿಷ 7 ಸೆಕೆಂಡು. ಮುಂದಿನ ಸೆಕೆಂಡಿಗೆ 1901ರ ಡಿಸೆಂಬರ್‌ಗೆ ಹಾರುತ್ತದೆ. ಈಗಿನ ಫೋನು, ಲ್ಯಾಪ್‌ಟಾಪುಗಳಲ್ಲಿ 64 ಬಿಟ್, ಅವಕ್ಕೆ ಏನೂ ಆಗೋದಿಲ್ಲ. ಗೋಡೆಗೆ ಹೊಡೆದು ಮರೆತುಬಿಟ್ಟ ಹಳೆ ಯಂತ್ರಗಳದ್ದೇ ಚಿಂತೆ.

ಹತ್ತಿಮಂಡಿ_ಮೊಮ್ಮಗ

ಇವತ್ತು ಆ ಕಾರ್ತಿಕದ ಪುಸ್ತಕಕ್ಕಿಂತ ಹಿಂದಿನ ವರ್ಷದ್ದು, ಅಂದರೆ 1928ರ ದೀಪಾವಳಿಗೆ ಮುಗಿದ ಪುಸ್ತಕ ತೆಗೆದೆ. ಎರಡು ವಿಚಿತ್ರ ಕಂಡವು. ಆಷಾಢ ಆದ ಮೇಲೆ "ಅಧಿಕ ಶ್ರಾವಣ" ಅಂತ ಪೂರ್ತಿ ಒಂದು ತಿಂಗಳು, ಆಮೇಲೆ "ನಿಜ ಶ್ರಾವಣ". ಮತ್ತೊಂದು ಕಡೆ ಷಷ್ಠಿಗೆ ಎರಡು ಪುಟ, ಒಂದು ಬುಧವಾರ, ಒಂದು ಗುರುವಾರ. ಗುಮಾಸ್ತರು ತಪ್ಪಿ ಬರೆದರಾ?

ಹೊಳಲ್ಕೆರೆ_ಭಟ್ರು

ಗುಮಾಸ್ತರು ಪಕ್ಕಾ ಇದ್ದಾರೆ, ಅನುಮಾನ ಪಡಬೇಡಿ. ನಿಮ್ಮ 1928ಕ್ಕೆ ಇದಕ್ಕಿಂತ ಒಳ್ಳೆ ಸಾಕ್ಷಿ ಬೇಡ. 12 ಚಾಂದ್ರ ಮಾಸ ಸೇರಿದರೆ ಸುಮಾರು 354 ದಿನ, ಸೌರ ವರ್ಷಕ್ಕೆ 11 ದಿನ ಕಮ್ಮಿ. ಸುಮಾರು ಎರಡೂಮುಕ್ಕಾಲು ವರ್ಷಕ್ಕೊಮ್ಮೆ ಒಂದು ಮಾಸ ಹೆಚ್ಚಿಗೆ ಬಂದು ಅದು ಸರಿಹೋಗುತ್ತದೆ. ಯಾವ ಮಾಸದಲ್ಲಿ ಸೂರ್ಯ ರಾಶಿ ಬದಲಿಸೋದಿಲ್ಲವೋ ಅದು ಅಧಿಕ. 1928ರಲ್ಲಿ ಜುಲೈ 17ರ ಅಮಾವಾಸ್ಯೆಯಿಂದ ಆಗಸ್ಟ್ 15ರ ಅಮಾವಾಸ್ಯೆವರೆಗೆ ಸೂರ್ಯ ಕರ್ಕಾಟಕದಲ್ಲೇ ಇದ್ದ. 1988ರ ವಿಭವದಲ್ಲಿ ಅಧಿಕ ಮಾಸ ಬಂದದ್ದು ಜ್ಯೇಷ್ಠಕ್ಕೆ. ಹೆಸರು ಒಂದೇ ಆದರೂ ಎರಡು ವಿಭವಗಳ ಮೈಕಟ್ಟು ಬೇರೆ.

ಷಷ್ಠಿ ಎರಡು ದಿನ ಬಂದದ್ದು ವೃದ್ಧಿ ತಿಥಿ. ಚಂದ್ರ ಸೂರ್ಯನಿಂದ 12 ಡಿಗ್ರಿ ದೂರ ಸರಿಯುವಷ್ಟು ಹೊತ್ತು ಒಂದು ತಿಥಿ. ಚಂದ್ರ ಒಮ್ಮೆ ಜೋರು, ಒಮ್ಮೆ ನಿಧಾನ, ಹಾಗಾಗಿ ಅದು ಸುಮಾರು 20ರಿಂದ 27 ಗಂಟೆವರೆಗೆ ಇರುತ್ತದೆ. ದಿನಕ್ಕೆ ಹೆಸರು ಬರೋದು ಸೂರ್ಯೋದಯಕ್ಕೆ ಇರುವ ತಿಥಿಯಿಂದ. ಉದ್ದ ತಿಥಿ ಎರಡು ಸೂರ್ಯೋದಯ ಮುಟ್ಟಿದರೆ ಎರಡು ದಿನಕ್ಕೂ ಅದೇ ಹೆಸರು. ಗಿಡ್ಡ ತಿಥಿ ಒಂದನ್ನೂ ಮುಟ್ಟದಿದ್ದರೆ ಆ ಹೆಸರಿನ ದಿನವೇ ಇಲ್ಲ, ಕ್ಷಯ. ಪಾಡ್ಯಕ್ಕೆ ಐದು ಕೂಡಿಸಿದರೆ ಷಷ್ಠಿ ಅಂತ ಎಕ್ಸೆಲ್‌ನಲ್ಲಿ ಸೂತ್ರ ಹಾಕಿ ಎಳೆಯಬೇಡಿ, ಹಾಳಾಗುತ್ತದೆ.

ಅಂದಹಾಗೆ ಅಧಿಕ ಮಾಸಕ್ಕೂ ಬಡ್ಡಿ ಹಾಕಿದ್ದಾರಾ ನೋಡಿ. ಕುತೂಹಲಕ್ಕೆ ಕೇಳಿದೆ.

ಹತ್ತಿಮಂಡಿ_ಮೊಮ್ಮಗ

ಹಾಕಿದ್ದಾರೆ ಭಟ್ರೇ. ಆ ವರ್ಷ 13 ತಿಂಗಳ ಬಡ್ಡಿ.

ಜಗಳೂರು_ಮೇಷ್ಟ್ರು

ಸಾಲ ತಗೊಂಡವನ ಪಾಡು!

ಕಲ್ಲಿನಕೋಟೆ

ದಾವಣಗೆರೆ ವ್ಯಾಪಾರ ಅಂದರೆ ಮಾರವಾಡಿಗಳ ಚೀಟಿಗಳೂ ಮಧ್ಯೆ ಸಿಗಬಹುದು. ಅವುಗಳನ್ನು ಬೇರೆ ಇಡಿ. ಅವರ ತಿಂಗಳು ಹುಣ್ಣಿಮೆಗೆ ಮುಗಿಯುತ್ತದೆ, ನಮ್ಮದು ಅಮಾವಾಸ್ಯೆಗೆ. ಶುದ್ಧ ಪಕ್ಷದಲ್ಲಿ ಮಾಸದ ಹೆಸರು ಇಬ್ಬರಿಗೂ ಒಂದೇ, ಬಹುಳದಲ್ಲಿ ಅವರದು ಒಂದು ಮಾಸ ಮುಂದೆ. ನಾವು ಆಶ್ವಯುಜ ಬಹುಳ ಅಮಾವಾಸ್ಯೆ ಅನ್ನುವ ದೀಪಾವಳಿ ಅವರಿಗೆ ಕಾರ್ತಿಕದ್ದು. ಯಾವ ಪದ್ಧತಿ ಅಂತ ಒಂದು ಕಾಲಂ ಇರಲೇಬೇಕು. ಸರ್ಕಾರದ ರಾಷ್ಟ್ರೀಯ ಶಕ ಪಂಚಾಂಗ 1957ರ ಮಾರ್ಚ್ 22ಕ್ಕೆ ಬಂದದ್ದು, ಮೇಘನಾದ ಸಾಹಾ ಸಮಿತಿಯ ಶಿಫಾರಸು. ಅದು ಪೂರ್ತಿ ಸೌರಮಾನ, ಅದರ ಚೈತ್ರಕ್ಕೂ ನಿಮ್ಮ ಪುಸ್ತಕದ ಚೈತ್ರಕ್ಕೂ ಸಂಬಂಧ ಇಲ್ಲ. ಪರಿವರ್ತಕ ತಾಣಗಳಲ್ಲಿ ತಪ್ಪಿ ಅದನ್ನು ಆರಿಸಬೇಡಿ.

ಹತ್ತಿಮಂಡಿ_ಮೊಮ್ಮಗ

ಸರಿ ಸರ್. ಕೊನೆಯದಾಗಿ ಒಂದು. ವಾರ ಬರೆಯದ ಪುಟಗಳಿವೆ ಅಂದೆನಲ್ಲ. ಕೆಲವದರಲ್ಲಿ ಬರೀ "ಮಾಘ ಬಹುಳ" ಅಂತಿದೆ, ತಿಥಿಯೂ ಇಲ್ಲ. ಅವುಗಳ ತಾರೀಕಿನ ಕಾಲಂ ಖಾಲಿ ಬಿಟ್ಟರೆ ವಿಂಗಡಿಸುವಾಗ ಎಲ್ಲ ಕೆಳಗೆ ಹೋಗಿ ಬೀಳುತ್ತವೆ.

ಪಿಜೆ_ಬಡಾವಣೆ

ಖಾಲಿ ಬಿಡಬೇಡಿ, ಜೂನ್ 1 ಥರ ಏನೋ ಒಂದನ್ನು ತುಂಬಲೂಬೇಡಿ. ತಾರೀಕಿಗೆ ಒಂದರ ಬದಲು ಎರಡು ಕಾಲಂ ಮಾಡಿ: ಇದಕ್ಕಿಂತ ಮುಂಚೆ ಅಲ್ಲ, ಇದಕ್ಕಿಂತ ಆಮೇಲೆ ಅಲ್ಲ. ಮಾಘ ಬಹುಳ ಅಂತ ಮಾತ್ರ ಇದ್ದರೆ ಮೊದಲನೆಯದಕ್ಕೆ ಆ ಪಕ್ಷದ ಮೊದಲ ದಿನ, ಎರಡನೆಯದಕ್ಕೆ ಅಮಾವಾಸ್ಯೆ. ಹಿಂದಿನ ಪುಟಕ್ಕೂ ಮುಂದಿನ ಪುಟಕ್ಕೂ ವಾರ ಇದ್ದರೆ ಅಂತರ ಇನ್ನೂ ಕಿರಿದಾಗುತ್ತದೆ, ಖಾತೆ ಬರೆದದ್ದು ಕ್ರಮವಾಗಿಯೇ ತಾನೇ. ವಾರ, ತಿಥಿ ಎರಡೂ ಇದ್ದು ಕೂಡಿದರೆ ಎರಡು ಕಾಲಂನಲ್ಲೂ ಒಂದೇ ತಾರೀಕು. ವಿಂಗಡಿಸೋದು ಮೊದಲನೆಯದರ ಮೇಲೆ.

ಹತ್ತಿಮಂಡಿ_ಮೊಮ್ಮಗ

ಇದು ಆಗುವ ಕೆಲಸ. ಮಾಘದ ಪುಟಗಳಿಂದಲೇ ಶುರು ಮಾಡುತ್ತೇನೆ. ಭಟ್ರೇ, 1929ರ ಮಾಘ ಅಮಾವಾಸ್ಯೆ ಯಾವತ್ತು ಬಂತು ಅಂತ ನೋಡಿ ಹೇಳ್ತೀರಾ?